ಬಾಡಿಗೆ ಷರಾಯಿ

"ನೆಟ್ಟಗೆ ಸೋಲೋಕೂ ಬರಲ್ವೇನ್ರೋ ಬೋಳಿಮಕ್ಕಳಾ! ನಾನೂರು ವರ್ಷದಿಂದ ಅದೊಂದೇ ಕೆಲಸ ಮಾಡ್ತಿದೀರಿ, ಇನ್ನೂ ಕೈ ಕುದುರಿಲ್ವಾ?"

ಜಿಲ್ಲಾಧಿಕಾರಿ ದೋನ್ ಇಲರಿಯೋನ್ ಸಾಹೇಬರ ಒಂದು ಕೈಯಲ್ಲಿ ಬೆತ್ತ, ಇನ್ನೊಂದು ಕೈಯಲ್ಲಿ ತಾವೇ ಬರೆದ ನಾಟಕದ ಕಾಗದ. ನಾವು ನಲವತ್ತು ಜನ ಜಮೀನ್ದಾರರ ಅಂಗಳದಲ್ಲಿ ಮಂಡಿಯೂರಿದ್ದೆವು, ತಲೆಗೆ ಟರ್ಕಿಕೋಳಿಯ ಗರಿ ಕಟ್ಟಿಕೊಂಡು. ಮೆಕ್ಸಿಕೊ ಸ್ವತಂತ್ರವಾಗಿ ನೂರು ವರ್ಷ ತುಂಬಲು ಇನ್ನು ಮೂರೇ ದಿನ. ನಾಡಿನ ಇಡೀ ಚರಿತ್ರೆ ನಾಲ್ಕು ಗಾಡಿಗಳಲ್ಲಿ ಪೇಟೆಯ ಚೌಕದ ಮೇಲೆ ಉರುಳಬೇಕಿತ್ತು. ಮೊದಲನೆಯದು ಪ್ರಾಚೀನ ಸಾಮ್ರಾಜ್ಯ, ಎರಡನೆಯದು ಸ್ಪೇನಿನವರ ಗೆಲುವು, ಮೂರನೆಯದು ಅವರ ಮುನ್ನೂರು ವರ್ಷದ ಆಳ್ವಿಕೆ, ಕೊನೆಯದು ಸ್ವತಂತ್ರ ರಾಷ್ಟ್ರ. ಗೆಲ್ಲುವ ಪಾತ್ರಗಳನ್ನೆಲ್ಲ ಪೇಟೆಯ ಗಣ್ಯರು ಹಂಚಿಕೊಂಡಿದ್ದರು. ಸೋಲುವುದಕ್ಕೆ ಮಾತ್ರ ಜನ ಸಿಕ್ಕಿರಲಿಲ್ಲ. ಹಾಗಾಗಿ ನಾವು, ನಾಲ್ಕೂ ಗಾಡಿಗೆ ನಾವೇ. ಒಂದು ಗಾಡಿ ಚೌಕ ದಾಟಿದರೆ ಚರ್ಚಿನ ಹಿಂದಕ್ಕೆ ಓಡಿ, ವೇಷ ಬದಲಿಸಿ, ಮುಂದಿನ ಶತಮಾನದ ಜೊತೆ ಬರಬೇಕು.

ಎತ್ತರ ಇದ್ದೇನೆಂದು ನಾನು ಚಕ್ರವರ್ತಿ. ನನ್ನನ್ನು ಸೋಲಿಸುವ ದಳಪತಿ ನಮ್ಮ ದಣಿ, ಜಮೀನ್ದಾರ ದೋನ್ ಗುಮೆರ್ಸಿಂದೊ. ತಗಡಿನ ಕವಚದಲ್ಲಿ ಅವರ ಹೊಟ್ಟೆ ಹಿಡಿಸದೆ ಕಮ್ಮಾರ ಎರಡು ಸಲ ಅಳತೆ ತೆಗೆದುಕೊಂಡಿದ್ದ.

ತಾಲೀಮು ಮುಗಿದ ಮೇಲೆ ನಾನು ಸಾಹೇಬರ ಹಿಂದೆ ಬಿದ್ದೆ. "ದೊರೆ, ನಮ್ ಬಾವ ತಿಬುರ್ಸಿಯೊನ ಬುಟ್ಬುಡಿ. ಮಗೀಗೆ ಜ್ವರ ಅಂತ ಔಸ್ದಿ ತರಕ್ಕೋಗಿದ್ದ. ಸೇತ್ವೆ ತಾವು ಷರಾಯಿ ಅಂಗ್ಡಿ ಮುಚ್ಚಿತ್ತು. ಚಲ್ಲಣದಾಗೇ ಓಡೋದ, ಅಷ್ಟೇಯ."

ನಮ್ಮ ಪೇಟೆಯ ಕಾನೂನು ಗೊತ್ತಿಲ್ಲದವರಿಗೆ ಹೇಳಬೇಕು. ನಾವು ಉಡುವ ಬಿಳಿ ಚಲ್ಲಣದಲ್ಲಿ ಪೇಟೆಗೆ ಕಾಲಿಡುವಂತಿಲ್ಲ. ಸೇತುವೆಯ ಬಳಿ ಸಾಹೇಬರ ಮೈದುನನ ಅಂಗಡಿಯಿದೆ. ಅಲ್ಲಿ ಬಾಡಿಗೆಗೆ ಷರಾಯಿ ಹಾಕಿಕೊಂಡು ಒಳಗೆ ಹೋಗಿ, ಬರುವಾಗ ಬಿಚ್ಚಿಕೊಟ್ಟು ಬರಬೇಕು. ಒಂದೇ ಷರಾಯಿ ಬೆಳಿಗ್ಗೆ ನನ್ನನ್ನು, ಮಧ್ಯಾಹ್ನ ಇನ್ನೊಬ್ಬನನ್ನು ನಾಗರಿಕ ಮಾಡುತ್ತದೆ. ಚಿಗಟಗಳಿಗೆ ಮಾತ್ರ ಬಾಡಿಗೆಯಿಲ್ಲ.

"ಕಾನೂನು ಕಾನೂನೇ," ಎಂದರು ಸಾಹೇಬರು. "ಹಬ್ಬ ಮುಗಿದ ಮಾರನೇ ದಿನ ಅವನನ್ನ ತೆಂಕಣ ತಂಬಾಕು ತೋಟಕ್ಕೆ ಕಳಿಸ್ತೀವಿ. ವಿದೇಶಿ ರಾಯಭಾರಿ ಬರ್ತಿದಾರೆ, ನಮ್ಮನ್ನ ಕಾಡುಜನ ಅಂದ್ಕೋಬಾರ್ದು."

"ಅಂಗಾದ್ರೆ ಮೊದಲ್ನೇ ಗಾಡೀಲಿ ನಮ್ಮನ್ನ ಬರೀ ಮೈಲಿ ಯಾಕ್ ದೊರೆ ನಿಲ್ಸಿರಾದು?"

"ಅದು ಚರಿತ್ರೆ ಕಣೋ ಕತ್ತೆ! ಚರಿತ್ರೇಲಿ ಬತ್ತಲೆ ಇರಬಹುದು. ಬೀದೀಲಿ ಇರಬಾರದು." ಬೆತ್ತದ ತುದಿಯಿಂದ ನನ್ನ ಗರಿಯ ಕಿರೀಟವನ್ನು ಕೆಳಕ್ಕೆ ಕೆಡವಿ, "ಎತ್ಕೋ ಚಕ್ರವರ್ತಿ," ಎಂದು ನಗುತ್ತ ಹೋದರು.

ತಂಬಾಕು ತೋಟಕ್ಕೆ ಹೋದವರು ನಮ್ಮೂರಲ್ಲಿ ಹನ್ನೊಂದು ಜನ. ಬಂದವರು ಯಾರೂ ಇಲ್ಲ.

ಸಂಜೆ ಅಕ್ಕ ಪೆತ್ರೋನಿಲಾ ಒಲೆಯ ಮುಂದೆ ರೊಟ್ಟಿ ತಟ್ಟುತ್ತಿದ್ದಳು. ಮಗುವಿನ ಜ್ವರ ಇಳಿದಿತ್ತು, ಅವಳದು ಏರಿತ್ತು. ನಾನು ಸಾಹೇಬರ ದನಿ ತೆಗೆದು, ಹೊಟ್ಟೆ ಮುಂದಕ್ಕೆ ತಳ್ಳಿ, "ಚರಿತ್ರೇಲಿ ಬತ್ತಲೆ ಇರಬಹುದು..." ಎಂದು ಆಡಿ ತೋರಿಸಿದೆ. ಅಕ್ಕ ನಗಲಿಲ್ಲ.

"ಕ್ರಿಸ್ಪೀನಾ, ಆ ಜೈಲ್ನಾಗೆ ಎಷ್ಟು ಜನ ಹಿಡೀತಾರ್ಲಾ?"

"ಒತ್ಕಂಡು ನಿಂತ್ರೆ ನಲವತ್ತು. ಯಾಕಕ್ಕ?"

"ಕತ್ತಾಳೆ ಕೆರೆಯೋರು ನೀವೆಷ್ಟು ಜನ?"

"ನಲವತ್ತು."

"ಹಬ್ಬದ ದಿನ ಬೆಳಗಿನ ಕೆರೆತಕ್ಕೆ ದಣಿ ರಜಾ ಕೊಟ್ಟವ್ನೆ. ಸಂಜೆದೂ ತಪ್ಪೋದ್ರೆ?"

ಕತ್ತಾಳೆಯ ಕತೆ ಅವಳಿಗೆ ನಾನು ಹೇಳಬೇಕಾಗಿರಲಿಲ್ಲ. ಗಿಡ ಹತ್ತು ವರ್ಷ ಬೆಳೆದ ಮೇಲೆ ಅದರ ಎದೆ ಕೊರೆದು ಗುಳಿ ಮಾಡುತ್ತೇವೆ. ಅಲ್ಲಿ ಒಸರುವ ಸಿಹಿನೀರನ್ನು ಉದ್ದ ಸೋರೆಬುರುಡೆಯಿಂದ ಹೀರಿ, ಗುಳಿಯನ್ನು ಕೆರೆಯಬೇಕು. ಬೆಳಿಗ್ಗೆ ಒಮ್ಮೆ, ಸಂಜೆ ಒಮ್ಮೆ. ಆ ನೀರು ಹುಳಿತರೇನೇ ಪುಲ್ಕೆ ಹೆಂಡ, ಆ ಹೆಂಡದಿಂದಲೇ ದಣಿಯ ಬಂಗಲೆ. ಒಂದು ದಿನ ಕೆರೆಯದಿದ್ದರೆ ನೀರು ಗುಳಿಯಲ್ಲೇ ಕೆಡುತ್ತದೆ, ಗಾಯ ಒಣಗಿ ಮುಚ್ಚಿಕೊಳ್ಳುತ್ತದೆ. ಹತ್ತು ವರ್ಷದ ಗಿಡ ಹೋಯಿತು. ಎಳೆಯ ಕೈಗೆ ಈ ಕೆಲಸ ಬಗ್ಗುವುದಿಲ್ಲ, ಪೇಟೆಯ ಕೈಗಂತೂ ಕೇಳಲೇಬೇಡಿ.

"ಅಕ್ಕ, ಗುಂಡು ಹಾರ್ಸುದ್ರೆ?"

"ರಾಯಭಾರಿ ಮುಂದೆ? ಆ ಬಡ್ಡೀಮಗ ಉಗುಳೋಕೂ ಕರವಸ್ತ್ರ ಹುಡುಕ್ತಾನೆ ಅವತ್ತು." ಅವಳು ರೊಟ್ಟಿ ತಿರುವಿಹಾಕಿದಳು. "ಓಗು, ಮಕಾರಿಯೊ ತಾತಂಗೆ ಯೋಳು. ಅವ್ನು ಊ ಅಂದ್ರೆ ಎಲ್ಲಾರೂ ಊ ಅಂತಾರೆ."

ಮಕಾರಿಯೊ ತಾತ ಊ ಅನ್ನಲಿಲ್ಲ. ಕೇಳಿ ಮುಗಿಸಿ, ಹಲ್ಲಿಲ್ಲದ ಬಾಯಲ್ಲಿ ಕೆಮ್ಮು ಬರುವವರೆಗೆ ನಕ್ಕ. ನಾವು ಅದನ್ನೇ ಊ ಎಂದುಕೊಂಡೆವು.

ಹಬ್ಬದ ದಿನ, ಹದಿನಾರರ ಮಧ್ಯಾಹ್ನ, ಚರಿತ್ರೆ ಹೊರಟಿತು. ಮೊದಲ ಗಾಡಿಯ ಮೇಲೆ ನಾನು ಮಹಾಚಕ್ರವರ್ತಿಯಾಗಿ ನಡುಗುತ್ತ ನಿಂತೆ, ಸೆಪ್ಟೆಂಬರ್ ಗಾಳಿ ಬರೀ ಮೈಗೆ ಮರ್ಯಾದೆ ಕೊಡುವುದಿಲ್ಲ. ಎರಡನೆಯ ಗಾಡಿಯ ಮುಂದೆ ದಣಿ ಕುದುರೆಯ ಮೇಲೆ ಬಂದು ಮರದ ಕತ್ತಿ ನನ್ನ ಕುತ್ತಿಗೆಗೆ ಇಟ್ಟರು. "ಅಳೋ, ಅಳೋ," ಎಂದು ಶಿರಸ್ತ್ರಾಣದೊಳಗಿಂದ ಪಿಸುಗುಟ್ಟಿದರು. ನಾನು ಅತ್ತೆ. ಮೂರನೆಯದರಲ್ಲಿ ಕಲ್ಲು ಹೊತ್ತೆವು, ಪಾದ್ರಿಯ ಕೈಗೆ ಮುತ್ತಿಟ್ಟೆವು. ಅದಕ್ಕೆ ತಾಲೀಮು ಬೇಕಾಗಿರಲಿಲ್ಲ.

ನಾಲ್ಕನೆಯದಕ್ಕೆ ಸಾಹೇಬರ ಮೈದುನ ನಲವತ್ತು ಷರಾಯಿ ತಂದ. ಚಲ್ಲಣದ ಮೇಲೇ ಏರಿಸಿಕೊಂಡೆವು. ಗಾಡಿಯ ಮೇಲೆ ನೋಟರಿಯ ಮಗಳು ಬಿಳಿ ನಿಲುವಂಗಿಯಲ್ಲಿ ದೇಶಮಾತೆಯಾಗಿ ಕೂತಿದ್ದಳು. ನಾವು ಸುತ್ತ ನಿಂತ ಪ್ರಜೆಗಳು. ವೇದಿಕೆಯ ಮೇಲೆ ಸಾಹೇಬರು ರಾಯಭಾರಿಯ ಕಡೆ ಬಾಗಿ ಭಾಷಣ ಬಿಗಿದರು: "ನೋಡಿ ಮಹನೀಯರೇ! ಗರಿ ಕಟ್ಟಿದ್ದ ಅದೇ ಜನ ಇಂದು ಷರಾಯಿ ತೊಟ್ಟಿದ್ದಾರೆ. ನಮ್ಮ ಜಿಲ್ಲೆಯಲ್ಲಿ ಷರಾಯಿ ಇಲ್ಲದೆ ಬೀದಿಗಿಳಿದವನು, ಯಾರೇ ಆಗಲಿ, ನೇರ ಸೆರೆಮನೆಗೆ!"

ಚಪ್ಪಾಳೆ ನಿಂತ ಕೂಡಲೆ ಮಕಾರಿಯೊ ತಾತ ಮುಂದೆ ಬಂದ. ಷರಾಯಿಯ ಗುಂಡಿ ಬಿಚ್ಚಿದ. ಜಾರಿಸಿದ. ಕೊಡವಿ ನಾಲ್ಕು ಮಡಿಕೆ ಮಾಡಿ ವೇದಿಕೆಯ ಮೆಟ್ಟಿಲ ಮೇಲಿಟ್ಟು, "ತಕಳಿ ದೊರೆ. ಒಸಿ ಬಿಗೀತಿತ್ತು," ಎಂದ.

ಅವನ ಹಿಂದೆ ನಾನು. ನನ್ನ ಹಿಂದೆ ಉಳಿದವರು. ಗಡಿಬಿಡಿಯಿಲ್ಲ, ಪ್ರಸಾದಕ್ಕೆ ನಿಂತವರ ಹಾಗೆ ಸಾಲಾಗಿ ಬಂದು ಇಟ್ಟೆವು. ಪಾದ್ರಿ ಶಿಲುಬೆಯ ಗುರುತು ಮಾಡಿಕೊಂಡರು. ದೇಶಮಾತೆ ಕೈಯಿಂದ ಮುಖ ಮುಚ್ಚಿಕೊಂಡು ಬೆರಳ ಸಂದಿಯಿಂದ ನೋಡಿದಳು. ರಾಯಭಾರಿ ನಮ್ಮ ಸಾಹೇಬರನ್ನೇ ದಿಟ್ಟಿಸಿದ. ಯಾರೇ ಆಗಲಿ ಎಂದ ಮಾತು ಇನ್ನೂ ಅವರ ಮೀಸೆಯಿಂದ ಇಳಿದಿರಲಿಲ್ಲ.

"ಹಿಡೀರಿ," ಎಂದರು ಸಾಹೇಬರು, ಬಹಳ ಸಣ್ಣ ದನಿಯಲ್ಲಿ.

ಪೊಲೀಸರಿಗೆ ಕಷ್ಟವೇ ಆಗಲಿಲ್ಲ. ಅವರಿಗಿಂತ ಮುಂಚೆ ನಾವೇ ಸೆರೆಮನೆ ತಲುಪಿದ್ದೆವು. ಮೂಲೆಯಲ್ಲಿದ್ದ ತಿಬುರ್ಸಿಯೊ ಬಾವ ಎದ್ದು ನಿಂತ. "ಏನ್ರಲಾ ಇದು, ಊರೇ ಬಂದದೆ! ಯಾರ ಸಾವು?"

"ನಿಂದಾಗ್ಬಾರ್ದು ಅಂತ ಕನ ಬಾವ. ಸರಿ, ಒಸಿ ಜರುಗು."

ಸೂರ್ಯ ಚರ್ಚಿನ ಗಂಟೆಗೂಡಿಗೆ ಇಳಿಯುವ ಹೊತ್ತಿಗೆ ದಣಿ ಸಾಹೇಬರನ್ನು ಎಳೆದುಕೊಂಡು ಓಡಿ ಬಂದರು. ಕವಚದ ಹುರಿ ಗಂಟುಬಿದ್ದು ಬಿಚ್ಚಲಾಗಿರಲಿಲ್ಲ, ನಡೆದರೆ ಪಾತ್ರೆ ಅಂಗಡಿ ಉರುಳಿದ ಸದ್ದು.

"ಇಲರಿಯೋನ್, ಬಾಗಿಲು ತೆಗಿ! ನನ್ನ ಆರು ಸಾವಿರ ಗಿಡ!"

"ರಾಯಭಾರಿ ಇನ್ನೂ ಊಟ ಮಾಡ್ತಿದಾನೆ. ನನ್ನ ಮಾನ?"

"ನಿನ್ನ ಮಾನ ಹುಳಿಯಲ್ಲ ಕಣಯ್ಯ, ನನ್ನ ರಸ ಹುಳಿಯುತ್ತೆ!"

ಬೀಗ ತೆರೆಯಿತು. "ಹೊರಡ್ರೋ," ಎಂದರು ಸಾಹೇಬರು.

ಯಾರೂ ಅಲುಗಲಿಲ್ಲ. "ಎಂಗೆ ಬರಾದು ದೊರೆ?" ಎಂದ ತಾತ. "ಷರಾಯಿ ಇಲ್ದೆ ಬೀದಿಗಿಳಿದ್ರೆ ಜೈಲು ಅಂತ ನೀವೇ ಅಂದ್ರಲ್ಲ."

"ಷರಾಯಿ ತರಿಸ್ತೀನಿ!"

"ನಮಗೆ ಚಿಗಟ ಕಡೀತವೆ," ಎಂದೆ ನಾನು, ಅವರದೇ ದನಿಯಲ್ಲಿ, ಹೊಟ್ಟೆ ಮುಂದಕ್ಕೆ ತಳ್ಳಿ. ಹಿಂದಿನಿಂದ ಯಾರೋ ಕಿಸಕ್ಕೆಂದರು. "ಮೊದಲು ಬಾವನ್ನ ಬುಡಿ. ಆಮೇಲೆ ಎಲ್ಲಾರೂ ಚಲ್ಲಣದಾಗೇ ಬತ್ತೀವಿ. ದೊಡ್ಡ ಬೀದೀಲೇ ಓಯ್ತೀವಿ."

ಸಾಹೇಬರ ಬೆತ್ತ ಎದ್ದಿತು. ದಣಿ ತಗಡಿನ ಕೈಯಿಂದ ಅದನ್ನು ಹಿಡಿದುಕೊಂಡರು, ಕಿಟಕಿಯ ಆಚೆ ಸೂರ್ಯನನ್ನು ನೋಡುತ್ತ. "ಪಟ್ಟಿ ತೆಗಿ ಇಲರಿಯೋನ್, ಅವನ ಹೆಸರು ಹೊಡೆದುಹಾಕು."

ತಂಬಾಕು ತೋಟದ ಪಟ್ಟಿಯಲ್ಲಿ ಒಂದು ಹೆಸರಿನ ಮೇಲೆ ಗೀಟು ಬಿತ್ತು. ಬಾವ ಮೊದಲು ಹೊರಬಂದ, ಆಮೇಲೆ ತಾತ, ಆಮೇಲೆ ನಾವು. ದೊಡ್ಡ ಬೀದಿಯ ಎರಡೂ ಕಡೆ ಕಿಟಕಿಗಳು ತುಂಬಿದ್ದವು. ರಾಯಭಾರಿ ಊಟದ ಕರವಸ್ತ್ರ ಕೊರಳಲ್ಲೇ ಇಟ್ಟುಕೊಂಡು ಮಹಡಿಗೆ ಬಂದಿದ್ದ. ಹಿಂದೆ ಕುದುರೆಯ ಮೇಲೆ ಗೆದ್ದ ದಳಪತಿ ಬೆವರುತ್ತ ಗೋಗರೆಯುತ್ತಿದ್ದ.

"ಬೇಗ ನಡೀರಪ್ಪಾ, ಕೈ ಮುಗೀತೀನಿ, ಹೊತ್ತು ಮುಳುಗ್ತಿದೆ!"

ಬಾವ ನಡುಬೀದಿಯಲ್ಲಿ ನಿಂತ. ಕೂತ. ಸಡಿಲವಾಗಿದ್ದ ಎಡಗಾಲಿನ ಚಪ್ಪಲಿಯ ಬಾರನ್ನು ನಿಧಾನವಾಗಿ ಬಿಗಿದು ಕಟ್ಟಿದ. ಕಟ್ಟಿ ನೋಡಿದ. ಆಮೇಲೆ, ಸರಿಯಾಗಿಯೇ ಇದ್ದ ಬಲಗಾಲಿನದನ್ನೂ ಬಿಚ್ಚತೊಡಗಿದ.