ಅಪ್ಪ ಫ್ರಿಡ್ಜ್ ಬಿಚ್ಚಿದ ದಿನ

ಊರವರ ಫ್ರಿಡ್ಜನ್ನೆಲ್ಲ ರಿಪೇರಿ ಮಾಡುವ ಮನುಷ್ಯನ ಸ್ವಂತ ಮನೆಯ ಫ್ರಿಡ್ಜ್ ಹೇಗಿರುತ್ತದೆ ಅಂತ ನೋಡಬೇಕಿದ್ದರೆ ನಮ್ಮ ಮನೆಗೆ ಬನ್ನಿ. ಬಾಗಿಲಿನ ರಬ್ಬರ್ ಹರಿದು ಯಾವ ಕಾಲವಾಯಿತೋ. ಬಾಗಿಲು ಮುಚ್ಚಿಕೊಂಡಿರಲಿ ಎಂದು ಅಪ್ಪ ಅದರ ಸೊಂಟಕ್ಕೆ ಸೈಕಲ್ ಟ್ಯೂಬ್ ಬಿಗಿದಿದ್ದಾನೆ. ಹಾಲು ಬೇಕೆಂದರೆ ಟ್ಯೂಬ್ ಬಿಚ್ಚು, ಮೊಸರು ಬೇಕೆಂದರೆ ಟ್ಯೂಬ್ ಬಿಚ್ಚು. ಹೊಸ ರಬ್ಬರ್ ತಂದು ಅಟ್ಟದ ಮೇಲೆ ಇಟ್ಟೂ ಆಗಿದೆ. ಹಾಕುವುದೊಂದು ಬಾಕಿ.

ಮಿಕ್ಸಿಯ ಕಥೆಯೂ ಅಷ್ಟೇ. ಮುಚ್ಚಳವನ್ನು ಎರಡೂ ಕೈಯಲ್ಲಿ ಅದುಮಿ ಹಿಡಿಯದಿದ್ದರೆ ತಿರುಗುವುದೇ ಇಲ್ಲ. "ರೀ, ಇದನ್ನ ಯಾವಾಗ್ರೀ ನೋಡ್ತೀರಾ?" ಎಂದು ಅಮ್ಮ ಬೆಳಗಾದರೆ ಶುರುಮಾಡುತ್ತಿದ್ದಳು. "ನಾಳೆ ಕಣೇ," ಎನ್ನುತ್ತಿದ್ದ ಅಪ್ಪ. ನಾನು ಬಸ್ ಕಂಡಕ್ಟರ್. ದಿನವಿಡೀ ಜನರ ಗಲಾಟೆ ಕೇಳಿ ಮನೆಗೆ ಬಂದರೆ ಇಲ್ಲೂ ಇದೇ.

ಆದರೆ ಹೊಟ್ಟೆಯ ಆಪರೇಷನ್ ಮುಗಿಸಿ ಮನೆಗೆ ಬಂದಮೇಲೆ ಅಮ್ಮ ಬೈಯುವುದನ್ನೇ ಬಿಟ್ಟಳು. ಊಟವನ್ನೂ ಬಿಟ್ಟಳು. ಗೋಡೆಯ ಕಡೆ ಮುಖ ಮಾಡಿ ಮಲಗುತ್ತಿದ್ದಳು. ಗಂಜಿ ಕೊಟ್ಟರೆ ಒಂದು ಗುಟುಕು, ಆಮೇಲೆ ಲೋಟ ಪಕ್ಕಕ್ಕೆ. ಗಾಯ ಚೆನ್ನಾಗಿ ಒಣಗಿದೆ, ಏನು ಬೇಕಾದರೂ ತಿನ್ನಬಹುದು, ಆದರೆ ಹೀಗೇ ಹೊಟ್ಟೆಗೇನೂ ಹೋಗದಿದ್ದರೆ ನಾಳೆ ಮತ್ತೆ ಸೇರಿಸಿಕೊಂಡು ಮೂಗಿನಿಂದ ನಳಿಕೆ ಹಾಕಬೇಕಾಗುತ್ತದೆ ಎಂದು ಡಾಕ್ಟರು ಖಡಾಖಂಡಿತವಾಗಿ ಹೇಳಿಬಿಟ್ಟಿದ್ದರು.

ಅಪ್ಪನಂತೂ ತಲೆ ಕೆಟ್ಟವನ ಹಾಗೆ ಓಡಾಡುತ್ತಿದ್ದ. ಅವತ್ತು ಬೆಳಿಗ್ಗೆ ಒದ್ದೆ ಟವೆಲನ್ನು ಬೇಕೆಂದೇ ಅಮ್ಮನ ಮಂಚದ ಮೇಲೆ ಹಾಕಿ ಬಂದ. ಆರೋಗ್ಯವಾಗಿದ್ದಿದ್ದರೆ ಅಮ್ಮ ಮನೆ ಹಾರಿಹೋಗುವ ಹಾಗೆ ಕೂಗಾಡುತ್ತಿದ್ದಳು.

"ಏನೂ ಅನ್ಲಿಲ್ಲ ಕಣೇ, ಪುಟ್ಟಿ," ಎಂದು ಅಪ್ಪ ಅಡುಗೆಮನೆಯ ಬಾಗಿಲಲ್ಲಿ ನಿಂತು ಹೇಳಿದ. ಅವನ ಮುಖ ನೋಡಲಾಗಲಿಲ್ಲ. ಸಂಕಟವಾಯಿತು. ಆದರೆ ಆ ಒದ್ದೆ ಹಾಸಿಗೆ ಬದಲಾಯಿಸಬೇಕಾದವಳು ನಾನು ತಾನೇ? ಸಂಕಟದ ಜೊತೆಗೆ ಪಿತ್ತವೂ ನೆತ್ತಿಗೇರಿತು.

ಹಾಸಿಗೆ ಬದಲಾಯಿಸುತ್ತಿದ್ದಾಗ ಅಮ್ಮ ತಾನಾಗಿಯೇ ಬಾಯಿಬಿಟ್ಟಳು. "ಚಾಕೊಲೇಟ್ ಐಸ್‌ಕ್ರೀಮ್ ಒಂಚೂರು ತಿನ್ಬೋದೇನೋ."

ನನ್ನ ಕೈಯಲ್ಲಿದ್ದ ದಿಂಬು ಕೆಳಗೆ ಬಿತ್ತು. "ಈಗ್ಲೇ ತಂದೆ, ಇರಮ್ಮ!"

"ಅಂಗಡೀದು ಬೇಡ. ಬರೀ ಸಕ್ಕರೆ. ನಾನು ಮಾಡ್ತಿದ್ನಲ್ಲ, ಹಂಗೆ ಮಾಡು."

ಆಯಿತಲ್ಲ! ರಜೆ ಹಾಕಿದೆ. ಹಾಲು ಕುದಿಸಿ, ಕಾರ್ನ್‌ಫ್ಲೋರ್, ಕೋಕೋ ಪುಡಿ, ಸಕ್ಕರೆ ಕದಡಿ, ಗಂಟಾಗದ ಹಾಗೆ ಕೈಯಾಡಿಸಿದೆ. ಆರಿದ ಮೇಲೆ ಕೆನೆ ಬೆರೆಸಿದೆ. ಟ್ಯೂಬ್ ಬಿಚ್ಚಿ ಫ್ರೀಜರಿನಲ್ಲಿಟ್ಟೆ. ಅರ್ಧ ಗಟ್ಟಿಯಾದಾಗ ತೆಗೆದು ಮಿಕ್ಸಿಯಲ್ಲಿ ತಿರುವಬೇಕು, ಇಲ್ಲದಿದ್ದರೆ ಬಾಯಿಗೆ ಮಂಜಿನ ಚೂರು ಸಿಗುತ್ತದೆ. ಮುಚ್ಚಳವನ್ನು ಎರಡೂ ಕೈಯಲ್ಲಿ ಅದುಮಿ ತಿರುವಿದೆ. ಕೈ ಜಾರಿ ಕಂದುಬಣ್ಣದ ಹನಿಗಳು ಗೋಡೆಗೆ, ಸೀರೆಗೆ, ಮೂಗಿಗೆ ಹಾರಿದವು. ಇದನ್ನು ರಿಪೇರಿ ಮಾಡದ ಪುಣ್ಯಾತ್ಮನಿಗೆ ಮನಸ್ಸಿನಲ್ಲೇ ಮಂಗಳಾರತಿ ಎತ್ತುತ್ತಾ ಪಾತ್ರೆಯನ್ನು ಮತ್ತೆ ಒಳಗಿಟ್ಟೆ.

ಅಪ್ಪ ಬಂದು ಇಣುಕಿದ. "ಗಟ್ಟಿಯಾಯ್ತಾ?"

"ಈಗಿನ್ನೂ ಇಟ್ಟಿದೀನಿ."

ಐದು ನಿಮಿಷವಾಗಿಲ್ಲ, ಮತ್ತೆ ಬಂದ. ಟ್ಯೂಬ್ ಬಿಚ್ಚಿ, ಬಾಗಿಲು ತೆಗೆದು, ಬೆರಳಿಂದ ಒತ್ತಿ ನೋಡಿದ. "ಯಾಕೋ ಹಿಡೀತಿಲ್ಲ."

"ನೀನು ಹಿಂಗೆ ತೆಗೀತಾನೇ ಇದ್ರೆ ಎಲ್ಲಿಂದ ಹಿಡಿಯುತ್ತೆ! ನಿಂಗೆ ಕೈ ಮುಗೀತೀನಿ, ಸಂಜೆವರ್ಗೂ ಈ ಬಾಗಿಲು ಮುಟ್ಬೇಡ."

"ಮುಟ್ಟಲ್ಲ ಬಿಡು," ಎಂದ ಅಪ್ಪ.

ಆ ಮಾತನ್ನು ನಂಬಿ ನಾನು ಅಮ್ಮನ ಮಾತ್ರೆ ತರಲು ಹೋದೆ. ಔಷಧಿ ಅಂಗಡಿಯಲ್ಲಿ ಸಂತೆಯಷ್ಟು ಜನ. ಬೆವರು ಒರೆಸಿಕೊಳ್ಳುತ್ತಾ ವಾಪಸ್ಸು ಬಂದು ಅಡುಗೆಮನೆಗೆ ಕಾಲಿಟ್ಟವಳು ಹಾಗೇ ನಿಂತೆ.

ಫ್ರಿಡ್ಜಿಗೆ ಬಾಗಿಲೇ ಇರಲಿಲ್ಲ.

ಬಾಗಿಲು ನೆಲದ ಮೇಲೆ ಅಂಗಾತ ಮಲಗಿತ್ತು. ಸುತ್ತ ಸ್ಕ್ರೂಗಳು. ಪ್ಲಗ್ ಕಿತ್ತು ಪಕ್ಕಕ್ಕೆ ಹಾಕಿತ್ತು. ಅಟ್ಟದ ಮೇಲಿದ್ದ ಹೊಸ ರಬ್ಬರ್ ಇಷ್ಟು ದಿನಕ್ಕೆ ಸೆಟೆದುಕೊಂಡಿತ್ತಂತೆ, ಮೆತ್ತಗಾಗಲಿ ಎಂದು ಅದನ್ನು ಬಿಸಿನೀರಿನ ದೊಡ್ಡ ಬೋಗುಣಿಯಲ್ಲಿ ಮುಳುಗಿಸಿ, ಆ ಬೋಗುಣಿಯನ್ನು ಎಲ್ಲೂ ಜಾಗ ಸಿಗದವನ ಹಾಗೆ ಬಾಯ್ತೆರೆದ ಫ್ರಿಡ್ಜಿನ ಎದುರಿಗೇ ಇಟ್ಟಿದ್ದ. ಹಬೆ ನೇರವಾಗಿ ಫ್ರೀಜರಿಗೆ ಹೋಗುತ್ತಿತ್ತು. ನಾನು ಹೋಗಿ ಪಾತ್ರೆ ಅಲುಗಾಡಿಸಿದೆ. ಒಳಗೆ ಪಾಯಸದ ಹಾಗೆ ಕುಲುಕಾಡಿತು.

"ಅಪ್ಪಾ!"

"ಕೂಗ್ಬೇಡ ಕಣೇ. ರಬ್ಬರ್ ಹಾಕಿದ್ರೆ ತಂಡಿ ಹೊರಗೆ ಹೋಗಲ್ಲ, ಬೇಗ ಗಟ್ಟಿಯಾಗುತ್ತೆ ಅಂತ..."

"ಇವತ್ತೇ ಬೇಕಿತ್ತಾ? ಇಷ್ಟು ವರ್ಷ ಏನ್ ಮಾಡ್ತಿದ್ದೆ? ಅವಳು ಬಾಯ್ಬಿಟ್ಟು ಕೇಳಿದ್ದು ಇದೊಂದು! ನಾಳೆ ಆಸ್ಪತ್ರೇಲಿ ಮೂಗಿಗೆ ನಳಿಕೆ ಹಾಕ್ತಾರಲ್ಲ, ಆಗ ನಿಂತ್ಕೊಂಡು ನೋಡು!"

ಬಸ್ಸಿನ ಹಿಂದಿನ ಸೀಟಿಗೂ ಕೇಳುವ ಗಂಟಲು ನನ್ನದು. ಅಪ್ಪ ಸ್ಕ್ರೂಡ್ರೈವರ್ ಹಿಡಿದುಕೊಂಡು ತಲೆ ತಗ್ಗಿಸಿ ಕೂತ. ನನಗೆ ಅಳು ಬಂತು.

ಹಿಂದಿನಿಂದ ಕಾಲೆಳೆಯುವ ಸದ್ದಾಯಿತು. ತಿರುಗಿ ನೋಡಿದರೆ ಅಮ್ಮ. ಒಂದು ಕೈ ಗೋಡೆಯ ಮೇಲೆ, ಒಂದು ಕೈ ಹೊಟ್ಟೆಯ ಮೇಲೆ. ಯಾರ ಆಸರೆಯೂ ಇಲ್ಲದೆ ಎದ್ದು ಬಂದಿದ್ದಳು.

"ಏನ್ರೀ ಇದು?"

ಅಪ್ಪ ಸ್ಕ್ರೂಡ್ರೈವರನ್ನು ಬೆನ್ನ ಹಿಂದೆ ಬಚ್ಚಿಟ್ಟ.

"ನಿಮ್ಮನ್ನೇ ಕೇಳಿದ್ದು. ನಾನು ಬಾಯಿ ನೋಯೋವರೆಗೂ ಬಡ್ಕೊಂಡಾಗ ಕಿವಿಗೇ ಹಾಕ್ಕೊಳ್ಲಿಲ್ಲ. ನನ್ನ ಐಸ್‌ಕ್ರೀಮ್ ಒಳಗಿರೋವಾಗ್ಲೇ ನೆನಪಾಯ್ತಾ ನಿಮ್ಗೆ? ಕೊಡೇ ಇಲ್ಲಿ ಆ ಪಾತ್ರೆ. ಎಷ್ಟು ಕುಲಗೆಟ್ಟಿದೆ ನೋಡ್ತೀನಿ."

ಸ್ಟೂಲಿನ ಮೇಲೆ ಕೂರಿಸಿ ಪಾತ್ರೆ, ಚಮಚ ಕೊಟ್ಟೆ. ಒಂದು ಚಮಚ ಬಾಯಿಗಿಟ್ಟಳು. "ಇದು ಐಸ್‌ಕ್ರೀಮಾ? ಗಂಜಿ ಇದು." ಇನ್ನೊಂದು ಚಮಚ. "ಸಕ್ಕರೇನ ಹಿಂಗಾ ಸುರಿಯೋದು? ಏನ್ ಕೈಯೇ ನಿಂದು?" ಮತ್ತೊಂದು. ನನ್ನನ್ನು ಬಿಟ್ಟು ಮತ್ತೆ ಅಪ್ಪನನ್ನು ಹಿಡಿದಳು. ಸೈಕಲ್ ಟ್ಯೂಬಿನಿಂದ ಹಿಡಿದು ಒದ್ದೆ ಟವೆಲಿನವರೆಗೆ ಎಲ್ಲ ಬಂತು. ಅಂದರೆ ಬೆಳಿಗ್ಗೆ ಅದನ್ನೂ ನೋಡಿದ್ದಳು!

ಅರ್ಧ ಪಾತ್ರೆಗೆ ಬರುವಷ್ಟರಲ್ಲಿ ಉಸಿರು ಸೋತಿತು. ಬೈಗುಳ ನಿಂತಿತು. ಚಮಚವೂ ನಿಂತಿತು. ಅಮ್ಮ ಪಾತ್ರೆಯನ್ನು ಪಕ್ಕಕ್ಕಿಡಲು ಹೊರಟಳು.

ಆಗ ಅಪ್ಪ ನೆಲ ನೋಡುತ್ತಾ ಗೊಣಗಿದ. "ನಾನು ಅವತ್ತೇ ಹಾಕ್ತಿದ್ದೆ. ನೀನೇ ಬೇಡ ಅಂದೆ."

"ನಾನಾ?" ಅಮ್ಮನ ಬೆನ್ನು ನೆಟ್ಟಗಾಯಿತು. "ನಾನು ಬೇಡ ಅಂದ್ನಾ? ನಾಲಿಗೇಲಿ ಮೂಳೆ ಇಲ್ಲ ಅಂತ ಏನು ಬೇಕಾದ್ರೂ ಅನ್ನೋದಾ?" ಎನ್ನುತ್ತಲೇ ಚಮಚ ಮತ್ತೆ ಪಾತ್ರೆಗಿಳಿಯಿತು. ತಳ ಕೆರೆಯುವ ಸದ್ದು ಕೇಳುವವರೆಗೂ ಅವಳು ಬೈದಳು. ಅಪ್ಪ ಆಗಾಗ ಒಂದೊಂದು ಸುಳ್ಳು ಸೇರಿಸಿ ಕೊಡುತ್ತಿದ್ದ.

ಅಮ್ಮನನ್ನು ಮಲಗಿಸಿ, ಹೊದಿಸಿ ಬಂದೆ. ಇವತ್ತು ಅಪ್ಪನಿಗೆ ಸರಿಯಾಗಿ ಬಿಸಿ ಮುಟ್ಟಿಸಬೇಕೆಂದು ಸೆರಗು ಸಿಕ್ಕಿಸಿಕೊಂಡೇ ಅಡುಗೆಮನೆಗೆ ನುಗ್ಗಿದೆ. ಅವನು ಖಾಲಿ ಪಾತ್ರೆಯನ್ನು ತೊಡೆಯ ಮೇಲಿಟ್ಟುಕೊಂಡು ಕೂತಿದ್ದ. ಕಣ್ಣು ಒದ್ದೆಯಾಗಿತ್ತು.

"ಪುಟ್ಟಿ," ಎಂದ, ಒಳಗೆ ಕೇಳಿಸದ ಹಾಗೆ. "ಬೆಳಿಗ್ಗೆ ತಿಂಡಿ ಹೊತ್ತಿಗೆ ಮಿಕ್ಸಿ ಬಿಚ್ಲೇನೇ?"

ಸಿಕ್ಕಿಸಿದ್ದ ಸೆರಗನ್ನು ಇಳಿಬಿಟ್ಟೆ. ನಾನು ಮಿಕ್ಸಿಯನ್ನು ಕೆಳಗಿಳಿಸಿ ಅವನ ಮುಂದಿಟ್ಟೆ.