ಥಾರ್ನ್‌ಮಿಯರ್ ಮನೆಯ ಸೊಸೆ

ಓಲಿಂಡಾ ಶವಪೆಟ್ಟಿಗೆಯ ಮೇಲಿದ್ದ ಹೂಚಕ್ರವನ್ನು ಎಳೆದು ಬಾಲ್ಕನಿಗೆ ಎಸೆದಳು. ಲಿಲ್ಲಿ ಹೂಗಳಿಗೆ ಕಟ್ಟಿದ್ದ ರೇಷ್ಮೆ ಪಟ್ಟಿಯೊಂದು ಅವಳ ಬಳೆಗೆ ಸಿಕ್ಕಿಕೊಂಡು ಹಿಂದಕ್ಕೆ ಬಂತು. ಅದರ ಮೇಲೊಂದು ಸಿಂಹದ ಲಾಂಛನ, ಕೆಳಗೆ ಚಿನ್ನದ ಬಣ್ಣದ ಅಕ್ಷರಗಳು: ಲೇಡಿ ಥಾರ್ನ್‌ಮಿಯರ್.

"ಯಾರು ಇಟ್ಟದ್ದು ಇದನ್ನು ಇಲ್ಲಿ?"

ನೈರೋಬಿಯ ರಿವರ್‌ಸೈಡಿನ ಆ ಸಣ್ಣ ಫ್ಲ್ಯಾಟಿನಲ್ಲಿ ಜಪಸರ ಹಿಡಿದು ಕೂತಿದ್ದ ಹೆಂಗಸರು ಪ್ರಾರ್ಥನೆಯನ್ನು ಅರ್ಧಕ್ಕೇ ನಿಲ್ಲಿಸಿದರು. ಪೆಟ್ಟಿಗೆಯೊಳಗೆ ಓಲಿಂಡಾಳ ಅಕ್ಕ ತೆರೇಸಾ ನೀಲಿ ಸೀರೆಯುಟ್ಟು ಮಲಗಿದ್ದಳು. ಬಂದವರಲ್ಲಿ ಮಂಗಳೂರಿನವರು ಕೆಲವರೇ. ಉಳಿದವರೆಲ್ಲ ಅವಳು ಹೆರಿಗೆ ಮಾಡಿಸಿದ ಹೆಂಗಸರು, ಅವರ ಮಕ್ಕಳು.

"ಡ್ರೈವರ್ ಬಂದು ಕೊಟ್ಟ ಆಂಟಿ," ಎಂದಳು ವಿಜಿ. ಅವಳ ಇಬ್ಬರು ಮಕ್ಕಳೂ ತೆರೇಸಾಳ ಕೈಯಲ್ಲೇ ಹುಟ್ಟಿದವರು. "ಲಾರ್ಡ್ ಕಳ್ಸಿದ್ದು ಅಂದ. ಏನ್ ಮಾಡ್ಬೇಕು ಗೊತ್ತಾಗ್ಲಿಲ್ಲ, ಇಟ್ಬಿಟ್ಟೆ."

"ಲಾರ್ಡ್ ಅಂತೆ! ಅದೇ ಲಾರ್ಡಿನ ವಕೀಲ ಕೋರ್ಟಿನಲ್ಲಿ ಇವಳನ್ನು ಎಂತ ಕರೆದದ್ದು ಗೊತ್ತುಂಟಾ? 'ಆ ನರ್ಸ್ ಹೆಂಗಸು.' ಒಂದು ಸಲ ಅಲ್ಲ, ಕರೆದಾಗಲೆಲ್ಲ. ಈಗ ಸತ್ತ ಮೇಲೆ ಲೇಡಿಯಾದಳು!"

ಒಳಕೋಣೆಯಿಂದ ಮರ್ವಿನ್ ಬಂದ. ತೆರೇಸಾಳ ಒಬ್ಬನೇ ಮಗ. ತಂದೆಯ ಎತ್ತರ, ತಂದೆಯ ಬೂದುಗಣ್ಣು, ತಾಯಿಯ ಮೈಬಣ್ಣ.

"ಮಾವ್ಶಿ, ಪ್ಲೀಸ್. ಇವತ್ತೊಂದು ದಿನ ಸುಮ್ಮನಿರಿ. ಹೂ ಕಳಿಸಿದ ಜೂಲಿಯನ್ ಚರ್ಚಿಗೂ ಬರ್ತಾನೆ. ಎರಡು ಮಾತಾಡ್ತಾನೆ, ಫೋಟೋ ತೆಗೆಸ್ತಾನೆ. ನಾನು ಹೂಂ ಅಂದಿದ್ದೇನೆ."

"ಯಾಕೆ?"

"ಮಮ್ಮಿಯನ್ನು ಡ್ಯಾಡಿಯ ಪಕ್ಕದಲ್ಲಿ ಹೂಳ್ಲಿಕ್ಕೆ ಬಿಡ್ತಾನೆ. ರುಂಡಾದ ಮನೆಯ ಸ್ಮಶಾನದ ಗೇಟು ತೆರೆಸ್ತಾನೆ." ಅವನು ಗೋಡೆಯ ಕಡೆ ನೋಡಿದ. "ಅದಕ್ಕೆ ಬದಲಾಗಿ ನಾವು ಮನೆಯ ಕೇಸನ್ನು ವಾಪಸ್ ತೆಗೀಬೇಕು."

ಹೆಣ ಇನ್ನೂ ಮನೆಯಿಂದ ಹೊರಟಿಲ್ಲ, ಆಗಲೇ ಅದರ ವ್ಯಾಪಾರ ಮುಗಿದಿತ್ತು.

* * *

ಮರ್ವಿನ್‌ನ ತಂದೆ ಎಡ್ಮಂಡ್ ಕಾಲು ಮುರಿದುಕೊಂಡು ಆಸ್ಪತ್ರೆಗೆ ಬಂದಾಗ ತೆರೇಸಾ ಹೊಸ ನರ್ಸು. ಇಂಗ್ಲೆಂಡಿನಲ್ಲಿ ಅವನ ಅಪ್ಪ ಲಾರ್ಡ್. ಇವನು ಎರಡನೆಯ ಮಗ, ನೈರೋಬಿಯಲ್ಲಿ ಕಾಫಿ ವ್ಯಾಪಾರ ನೋಡಿಕೊಂಡಿದ್ದವನು. ಒಳ್ಳೆಯವನೇ. ಆದರೆ ಅಪ್ಪನೆಂದರೆ ಉಚ್ಚೆ ಹೊಯ್ದುಕೊಳ್ಳುವವನು. ಮಂಗಳೂರಿನ ನರ್ಸನ್ನು ಮದುವೆಯಾದರೆ ರುಂಡಾ ಬಡಾವಣೆಯ ಕುಟುಂಬದ ಮನೆಯ ಮೆಟ್ಟಿಲು ಹತ್ತಬೇಡ ಎಂದು ಮುದುಕ ಹೇಳಿ ಕಳಿಸಿದ. "ಅಪ್ಪನಿಗೆ ವಯಸ್ಸಾಗಿದೆ, ಸ್ವಲ್ಪ ಕಾಯೋಣ," ಎಂದ ಎಡ್ಮಂಡ್. ಕಾದರು. ಕಾಯುತ್ತಿರುವಾಗಲೇ ಮರ್ವಿನ್ ಹುಟ್ಟಿದ.

ಆ ದಿನಗಳಲ್ಲಿ ತೆರೇಸಾಳಿಗೆ ನೈರೋಬಿಯಲ್ಲೇ ಇದ್ದ ತವರಿನ ಬಾಗಿಲೂ ಮುಚ್ಚಿತು. ಅಪ್ಪ ಅವಳ ಹೆಸರೆತ್ತಿದರೆ ಊಟದ ತಟ್ಟೆ ಬಿಟ್ಟು ಏಳುತ್ತಿದ್ದ. ಚರ್ಚಿನಲ್ಲಿ ಹೆಂಗಸರು ಅವಳ ಬೆಂಚಿನಲ್ಲಿ ಕೂರುತ್ತಿರಲಿಲ್ಲ. ಓಲಿಂಡಾ ಕದ್ದು ಗಂಜಿ ಒಯ್ಯುತ್ತಿದ್ದಳು. ಬಾಣಂತಿ ಅಳುತ್ತಿರಲಿಲ್ಲ, ಮಗುವನ್ನು ತೊಡೆಯ ಮೇಲಿಟ್ಟುಕೊಂಡು ಅದರ ಬೂದುಗಣ್ಣು ತೋರಿಸಿ, "ನೋಡು, ಇವನು ಯಾರ ಮಗ ಅಂತ ಯಾರಿಗೂ ಸುಳ್ಳು ಹೇಳ್ಲಿಕ್ಕಾಗುವುದಿಲ್ಲ," ಎಂದು ನಗುತ್ತಿದ್ದಳು.

ಮುದುಕ ಸತ್ತ. ಅದರ ಮರುವರ್ಷ ಎಡ್ಮಂಡ್ ಅವಳಿಗೆ ಉಂಗುರ ತೊಡಿಸಿದ. ತಾಯಿಯ ಸೀರೆಯ ನೆರಿಗೆ ಹಿಡಿದು ಮರ್ವಿನ್ ಅವಳ ಮದುವೆಗೆ ನಡೆದು ಬಂದ. ಎಷ್ಟೋ ಕಾಲದ ಮೇಲೆ ಮಕ್ಕಳಿಲ್ಲದ ಹಿರಿಯಣ್ಣನೂ ತೀರಿಕೊಂಡು, ಬಿರುದೂ ರುಂಡಾದ ಮನೆಯೂ ಎಡ್ಮಂಡನಿಗೆ ಬಂದವು. ಸುದ್ದಿ ಬಂದಾಗ ತೆರೇಸಾ ಯೂನಿಫಾರ್ಮಿಗೆ ಇಸ್ತ್ರಿ ಹಾಕುತ್ತಿದ್ದಳು. "ಲೇಡಿ ಆದೆನಂತೆ ಮಾರಾಯ್ತಿ. ನಾಳೆ ಲೇಡಿಗೆ ಬೆಳಗಿನ ಡ್ಯೂಟಿ ಉಂಟು."

ಎಡ್ಮಂಡ್ ಕಣ್ಣು ಮುಚ್ಚಿದ ಮೇಲೆ ಆ ನಗು ನಿಂತಿತು. ಆಮೇಲೆ ಮದುವೆಯಾದರೂ ಅಷ್ಟೇ, ಮದುವೆಗೆ ಮೊದಲು ಹುಟ್ಟಿದವನಿಗೆ ಬಿರುದಿಲ್ಲ ಎಂದಿತು ಇಂಗ್ಲೆಂಡಿನ ಕಾನೂನು. ಅದು ಎಡ್ಮಂಡನ ತಮ್ಮನ ಮಗ ಜೂಲಿಯನ್‌ಗೆ ಹೋಯಿತು. ಬಿರುದು ಯಾರದೋ, ರುಂಡಾದ ಮನೆಯೂ ಅವರದೇ ಎಂದು ಮುದುಕ ಉಯಿಲು ಬರೆದಿಟ್ಟಿದ್ದ. ಬಿರುದು ಹೋಗಲಿ, ಮನೆ ಬಿಡುವುದಿಲ್ಲ ಎಂದು ತೆರೇಸಾ ಕೇಸು ಹಾಕಿದಳು.

ಕೇಸು ನಡೆಯುತ್ತಿರುವಾಗಲೇ ಒಂದು ಬೆಳಿಗ್ಗೆ ಜೂಲಿಯನ್‌ನ ಜನ ಬೀಗ ಹಿಡಿದು ಬಂದರು. ಒಲೆಯ ಮೇಲೆ ಮೀನಿನ ಸಾರು ಕುದಿಯುತ್ತಿತ್ತು. "ಸಾರು ಆಗಲಿ," ಎಂದಳು ತೆರೇಸಾ. ಸಾರಾಗುವವರೆಗೂ ಅವರು ವರಾಂಡದಲ್ಲಿ ನಿಂತರು. ಅವಳು ಬಡಿಸಿದಳು, ಗೇಟಿನ ಕಾವಲುಗಾರರಿಗೆ, ಡ್ರೈವರಿಗೆ, ಬೀಗ ತಂದವರಿಗೂ. ಪಾತ್ರೆ ತೊಳೆದು ಬೋರಲು ಹಾಕಿ, ಚಪ್ಪಲಿ ಮೆಟ್ಟಿ ಹೊರಬಂದಳು. ಕಾರಿನಲ್ಲಿ ಓಲಿಂಡಾಳ ಕೈಯನ್ನು ಉಗುರು ನಾಟುವಂತೆ ಹಿಡಿದಳು. "ನಾನು ಈ ಕೇಸು ಬಿಡುವುದಿಲ್ಲ. ನನಗೆ ಆ ಮನೆ ಬೇಡ. ಮರ್ವಿನ್ ಎಡ್ಮಂಡನ ಮಗ ಅಂತ ಒಬ್ಬ ಜಡ್ಜು ಬಾಯಿಬಿಟ್ಟು ಹೇಳಬೇಕು."

* * *

ಚರ್ಚು ತುಂಬಿತ್ತು. ಜೂಲಿಯನ್ ಮೊದಲ ಸಾಲಿನಲ್ಲಿ ಮರ್ವಿನ್‌ನ ಪಕ್ಕ ಕೂತಿದ್ದ. ಅವನ ಜೊತೆ ಬಂದ ಫೋಟೋಗ್ರಾಫರ್, ಸೀರೆಯುಟ್ಟ ಹೆಂಗಸರು ಚೆನ್ನಾಗಿ ಕಾಣುವ ಜಾಗ ಹುಡುಕುತ್ತಿದ್ದ.

"ಯಾಕಂತೆ ಇಷ್ಟು ಪ್ರೀತಿ?" ಎಂದು ಓಲಿಂಡಾ ಹಲ್ಲು ಕಚ್ಚಿ ಕೇಳಿದಳು.

"ಎಲೆಕ್ಷನ್ ಆಂಟಿ," ಎಂದು ಪಿಸುಗುಟ್ಟಿದ ವಿಜಿಯ ಗಂಡ ಉಮಾಶಂಕರ. "ಇಂಗ್ಲೆಂಡಿನ ಪಾರ್ಲಿಮೆಂಟಲ್ಲಿ ಲಾರ್ಡ್‌ಗಳಿಗೆ ಹುಟ್ಟಿನಿಂದ ಬರ್ತಿದ್ದ ಸೀಟು ಹೋಯ್ತಲ್ಲ, ಈಗ ವೋಟ್ ಕೇಳ್ಬೇಕು. ಅವ್ರು ನಿಲ್ಲೋ ಕಡೆ ನಮ್ಮ ಜನ ಜಾಸ್ತಿ ಅಂತೆ."

ಪ್ರಸಂಗ ಮುಗಿಸಿದ ಪಾದ್ರಿ ಪೀಟರ್ ಕೈ ತೋರಿಸಿದ ಮೇಲೆ ಜೂಲಿಯನ್ ಎದ್ದು ಮೈಕಿನ ಮುಂದೆ ನಿಂತ. ಮೆದುವಾದ, ತಿದ್ದಿ ತೀಡಿದ ದನಿ. ಲೇಡಿ ಥಾರ್ನ್‌ಮಿಯರ್ ತಮ್ಮ ಪ್ರೀತಿಯ ಆಂಟಿ ಎಂದ. ಎರಡು ದೇಶಗಳ ನಡುವಿನ ಸೇತುವೆ ಎಂದ. ರುಂಡಾದ ಮನೆಯ ಬಾಗಿಲು ಅವರಿಗೆ ಎಂದೂ ತೆರೆದೇ ಇತ್ತು ಎಂದ.

ಓಲಿಂಡಾ ಎದ್ದು ನಿಂತದ್ದು ಅವಳಿಗೇ ಗೊತ್ತಾಗಲಿಲ್ಲ. ಇಡೀ ಚರ್ಚು ತಿರುಗಿ ನೋಡಿದಾಗಲೇ ಗೊತ್ತಾದದ್ದು.

"ಒಂದು ಪ್ರಶ್ನೆ ಉಂಟು," ಎಂದು ಇಂಗ್ಲಿಷಿನಲ್ಲಿ ಕೇಳಿದಳು. "ಇವಳು ನಿಮಗೆ ಆಂಟಿ. ಸಂತೋಷ. ಹಾಗಾದರೆ ಇವನು ನಿಮಗೆ ಏನಾಗಬೇಕು?" ಅವಳ ಬೆರಳು ಮರ್ವಿನ್‌ನ ಕಡೆಗಿತ್ತು.

ಜೂಲಿಯನ್ ಮುಗುಳ್ನಕ್ಕ. "ಮೇಡಂ, ನಿಮ್ಮ ದುಃಖ ನನಗೆ ಅರ್ಥವಾಗುತ್ತದೆ..."

"ದುಃಖ ಅಲ್ಲ ಇದು, ಸಿಟ್ಟು. ಎಡ್ಮಂಡನ ಮಗ, ನನ್ನ ಅಣ್ಣ ಅಂತ ಹೇಳಿ. ಕ್ಯಾಮೆರಾ ಉಂಟಲ್ಲ, ಅದರ ಮುಂದೆ ಹೇಳಿ. ಹೇಳಿದರೆ ನಾನು ಕೂತುಕೊಳ್ತೇನೆ."

ಫೋಟೋಗ್ರಾಫರ್ ಕ್ಯಾಮೆರಾ ಇಳಿಸಿದ. ಜೂಲಿಯನ್ ತುಟಿ ಒದ್ದೆ ಮಾಡಿಕೊಂಡ. ಮೊದಲ ಸಾಲಿನಲ್ಲಿ ಮರ್ವಿನ್ ಅವನ ಮುಖವನ್ನೇ ನೋಡುತ್ತಿದ್ದ. ಇಷ್ಟು ವಯಸ್ಸಾದ ಗಂಡಸು ಹಾಗೆ ಕಾತರದಿಂದ ನೋಡುವುದನ್ನು ಕಂಡ ಓಲಿಂಡಾ ಚಾಚಿದ ಬೆರಳನ್ನು ಇಳಿಸಲಿಲ್ಲ.

"ಅದು ನ್ಯಾಯಾಲಯದಲ್ಲಿರುವ ವಿಷಯ," ಎಂದ ಜೂಲಿಯನ್. "ಅದರ ಬಗ್ಗೆ ನಾನು ಏನನ್ನೂ ಹೇಳುವಂತಿಲ್ಲ."

ಮರ್ವಿನ್ ಎದ್ದ. ಮೆಟ್ಟಿಲು ಹತ್ತಿ ಹೋಗಿ ಮೈಕನ್ನು ಕೈಯಲ್ಲಿ ಮುಚ್ಚಿ ಹಿಡಿದ. ಅವನು ಹೇಳಿದ್ದು ಮುಂದಿನ ಸಾಲುಗಳಿಗಷ್ಟೇ ಕೇಳಿಸಿತು.

"ಇಳಿ, ಜೂಲಿಯನ್. ಕೇಸು ಇರುತ್ತದೆ. ನನ್ನ ತಾಯಿಯ ಚರ್ಚಿನಿಂದ ನೀನು ಹೋಗು."

ಜೂಲಿಯನ್ ಹೋದ. ಅವನ ಬೂಟಿನ ಸದ್ದು ಬಾಗಿಲವರೆಗೂ ಕೇಳಿಸಿತು. ಯಾರೂ ತಿರುಗಿ ನೋಡಲಿಲ್ಲ.

* * *

ಪೆಟ್ಟಿಗೆಯನ್ನು ವ್ಯಾನಿಗೆ ಏರಿಸುವ ಮೊದಲೇ ರುಂಡಾದಿಂದ ಫೋನು ಬಂತು. ಗೇಟು ತೆರೆಯುವುದಿಲ್ಲ. ಕುಟುಂಬದ ಸ್ಮಶಾನ ಕುಟುಂಬದವರಿಗೆ ಮಾತ್ರ. ಮರ್ವಿನ್ ಫೋನು ಹಿಡಿದೇ ಚರ್ಚಿನ ಅಂಗಳ ದಾಟಿ ಓಲಿಂಡಾಳ ಬಳಿ ಬಂದ.

"ನಾನು ಹಾಳು ಮಾಡಿದೆ ಮಾವ್ಶಿ. ಈಗ ಎಲ್ಲಿಗೆ ಕರ್ಕೊಂಡು ಹೋಗ್ಲಿ ಮಮ್ಮಿಯನ್ನು?"

"ಚರ್ಚಿನ ಹಿಂದೆಯೇ ಸ್ಮಶಾನ ಇದೆ. ಆದರೆ ಹೊಸ ಜಾಗ ಒಂದೂ ಇಲ್ಲ," ಎಂದ ಪಾದ್ರಿ ಪೀಟರ್. ಅವನ ಮುಖದಲ್ಲೂ ನೋವಿತ್ತು. ಅವನನ್ನೂ ಹೆರಿಗೆ ಕೋಣೆಯಲ್ಲಿ ಮೊದಲು ಎತ್ತಿಕೊಂಡವಳು ತೆರೇಸಾ. "ಮೊದಲೇ ಕೊಂಡಿಟ್ಟವರದ್ದಷ್ಟೇ ಉಳಿದಿದೆ."

"ನನ್ನದು ಉಂಟಲ್ಲ, ಗಂಡನ ಪಕ್ಕದ್ದು," ಎಂದಳು ಓಲಿಂಡಾ.

"ಥಾಮಸ್ ಅಂಕಲ್ ಪಕ್ಕದ್ದಾ?" ಮರ್ವಿನ್ ತಲೆಯಾಡಿಸಿದ. "ಬೇಡ. ಅದು ನಿಮ್ಮ ಜಾಗ."

"ನನ್ನದು ಅಂತಲೇ ಕೊಡ್ತಿದ್ದೇನೆ. ಬೇರೆಯವರದ್ದು ಕೊಡ್ಲಿಕ್ಕೆ ನಾನೇನು ಲಾರ್ಡಾ?"

"ಮತ್ತೆ ಡ್ಯಾಡಿ? ಅವರು ಅಲ್ಲಿ ಒಬ್ಬರೇ..."

"ಇರಲಿ ಒಬ್ಬನೇ!" ಅವಳ ಕೂಗಿಗೆ ಅಂಗಳದ ಪಾರಿವಾಳಗಳು ಎದ್ದವು. "ಅಪ್ಪ ಸಾಯಲಿ ಅಂತ ಇವಳನ್ನು ಕಾಯಿಸಿದ. ಅವನು ಕಾಯಿಸಿದ್ದಕ್ಕೇ ಅಲ್ಲವಾ ನೀನು ಇವತ್ತು ಯಾರೂ ಅಲ್ಲ ಅಂತ ಆದದ್ದು? ಈಗ ಅವನು ಕಾಯಲಿ. ನೀನು ಕೇಸು ಗೆದ್ದು ಬಾ. ಆಗ ಅವನನ್ನು ಇಲ್ಲಿಗೆ ತರುವಾ, ಬೇಕಿದ್ದರೆ."

ಉಮಾಶಂಕರ ಕೋಟು ಬಿಚ್ಚಿ ವಿಜಿಯ ಕೈಗೆ ಕೊಟ್ಟು, ಗುಂಡಿ ತೋಡುವವರ ಜೊತೆ ಹೋದ. ಜನ ಚದುರಲಿಲ್ಲ. ಹೆಂಗಸರು ಪೆಟ್ಟಿಗೆಯ ಸುತ್ತ ಕೂತು ಸ್ವಾಹಿಲಿಯಲ್ಲಿ ಒಂದು, ಕೊಂಕಣಿಯಲ್ಲಿ ಒಂದು ಹಾಡುತ್ತ ಗುಂಡಿ ಆಗುವುದನ್ನು ಕಾದರು. ಬಿಸಿಲು ಇಳಿಯಿತು. ಹಗ್ಗ ಹಿಡಿದು ಪೆಟ್ಟಿಗೆ ಇಳಿಸಿದ ಮೇಲೆ ಮರ್ವಿನ್ ಗುದ್ದಲಿಯನ್ನು ಯಾರ ಕೈಗೂ ಕೊಡಲಿಲ್ಲ. ಬೆವರಿ, ಬಿಕ್ಕಿ, ಬಿಳಿ ಅಂಗಿ ಕೆಂಪಾಗುವವರೆಗೂ ತಾನೇ ಮಣ್ಣೆಳೆದ.

ಜನರೆಲ್ಲ ಹೊರಟ ಮೇಲೆ ಅವನು ತಲೆಯೆತ್ತಿ ಕಲ್ಲನ್ನು ನೋಡಿದ. ಗಂಡ ಸತ್ತ ವರ್ಷವೇ ಓಲಿಂಡಾ ಅದರ ಮೇಲೆ ಇಬ್ಬರ ಹೆಸರನ್ನೂ ಕೆತ್ತಿಸಿದ್ದಳು. ಎಡಕ್ಕೆ ಥಾಮಸ್. ಬಲಕ್ಕೆ, ಈಗ ತೆರೇಸಾಳ ತಲೆಯ ಮೇಲೆ ಬರುವಂತೆ, ಓಲಿಂಡಾ ಎಂದಿತ್ತು.

"ಮಾವ್ಶಿ, ನಿಮ್ಮ ಹೆಸರು..."

ಓಲಿಂಡಾ ಮೊಣಕಾಲೂರಿ ಕೂತಳು. ಹೂವಿಗೆಂದು ತಂದಿದ್ದ ನೀರನ್ನು ಮಣ್ಣಿಗೆ ಸುರಿದು ಕಲಸಿ, ಕೆತ್ತಿದ ತನ್ನ ಹೆಸರಿನ ಒಂದೊಂದೇ ಅಕ್ಷರದೊಳಗೆ ಹೆಬ್ಬೆರಳಿನಿಂದ ಒತ್ತಿ ತುಂಬತೊಡಗಿದಳು. ಮರ್ವಿನ್ ಬಂದು ಪಕ್ಕದಲ್ಲಿ ಕೂತು ಮತ್ತೊಂದು ತುದಿಯಿಂದ ತುಂಬುತ್ತ ಬಂದ. ಅಕ್ಷರಗಳೆಲ್ಲ ಮುಚ್ಚಿಹೋದ ಮೇಲೆ, ಇನ್ನೂ ಹಸಿಯಾಗಿದ್ದ ಕೆಂಪು ಕೆಸರಿನ ಮೇಲೆ ಅವಳು ಬೆರಳಿನಿಂದ ತೆರೇಸಾ ಎಂದು ಬರೆದಳು. ಅದರ ಹಿಂದೆ ಮುಂದೆ ಏನನ್ನೂ ಸೇರಿಸಲಿಲ್ಲ.