ಮೊದಲ ಗೂಟ

ಗೂಟ ಕೀಳಲು ಬೊರಾಸ್ ಬಗ್ಗುವಷ್ಟರಲ್ಲಿ ಜೆರೆಕ್ ಅದರ ಮೇಲೆಯೇ ಕೂತುಬಿಟ್ಟ.

"ಏಳು ಭಾವ. ಚುಚ್ಚಲ್ವ?"

"ಚುಚ್ಚುತ್ತೆ. ನಿನಗೇನು?"

"ಹುಲ್ಲೆಲ್ಲಾ ಮುಗಿದು ಹೊರೆ ಹೊರೋ ಮುರ್ರಗಳು ಬೇರು ಅಗೀತಿವೆ. ನಿನ್ನೆ ನನ್ನ ಟೋಪಿ ತಿಂದ್ಹಾಕ್ತು ಒಂದು."

"ನಿಲುವಲ್ಲಿ ನಿನ್ನೆ ಎಲ್ಲಿಂದ ಬಂತೋ? ಉಪ್ಪು ಮಾರೋ ಊರಿನೋರ ಹಾಗೆ ಮಾತಾಡ್ಬೇಡ."

ಬೊರಾಸ್ ನಾಲಿಗೆ ಕಚ್ಚಿಕೊಂಡ. ಊರಿನವರು ಎರಡೂ ಚಂದ್ರರನ್ನು ಎಣಿಸಿ ಎಣಿಸಿ ಕೂತಲ್ಲೇ ಮುದುಕರಾಗುತ್ತಾರೆ. ಇವರಿಗೆ ನಡೆದದ್ದೇ ದಿನ. ಡೇರೆ ಕಿತ್ತು ಮತ್ತೊಂದು ಕಡೆ ಹೂಡಿದರೆ ಒಂದು ನಡೆ. ಹೂಡಿ ಕೂತದ್ದೆಲ್ಲ ನಿಲುವು. ನಿಲುವಿನಲ್ಲಿ ಸೂರ್ಯ ಎಷ್ಟು ಸಲ ಬಂದು ಹೋದರೂ ಹೊತ್ತು ಸರಿಯುವುದಿಲ್ಲ. ತನ್ನ ಡೇರೆಯ ಗೂಟ ಕೀಳುವ ತನಕ ಯಾರೂ ಹುಟ್ಟುವುದಿಲ್ಲ, ಯಾರೂ ಸಾಯುವುದಿಲ್ಲ.

ಆದ್ದರಿಂದ ಡೇರೆಯೊಳಗೆ ಜೆರೆಕನ ಹೆಂಡತಿ, ಬೊರಾಸನ ಅಕ್ಕ ಓಲ್ಮಾ ಮಲಗಿದ್ದಳು, ಅಷ್ಟೆ. ತಲೆಯ ಬಳಿ ಸಾರಿನ ಬಟ್ಟಲಿತ್ತು. ಕೆನೆಗಟ್ಟಿದಾಗಲೆಲ್ಲ ಯಾರೋ ಬಂದು ಬಿಸಿ ಸಾರು ತುಂಬಿ, "ಕುಡಿಯೇ, ಆರಿಹೋಗುತ್ತೆ" ಎಂದು ಹೇಳಿ ಹೋಗುತ್ತಿದ್ದರು. ಹೊರಗೆ ಬಂದ ಮೇಲೆ ಕಣ್ಣೊರೆಸಿಕೊಳ್ಳುತ್ತಿದ್ದರು.

ತಂಡದ ಹಿರಿಯಳು ಕುರ್ಗೇಲ್ ಕೋಲೂರಿಕೊಂಡು ಬಂದಳು. ಬಂದವಳೇ ಡೇರೆಯ ಬಾಗಿಲಲ್ಲಿ ತಲೆ ಹಾಕಿ, "ಓಲ್ಮಾ, ನಿನ್ನ ಗಂಡನಿಗೆ ಒಂದಿಷ್ಟು ಬುದ್ಧಿ ಹೇಳೇ" ಎಂದಳು. ಉತ್ತರಕ್ಕೆ ಕಾಯುವಷ್ಟು ಹೊತ್ತು ಕಾದು, ಇತ್ತ ತಿರುಗಿದಳು.

"ಮಲಗಿದೋರ ಡೇರೆ ಮೊದಲು ಏಳ್ಬೇಕು ಜೆರೆಕ್. ನಿನಗೆ ನಾನು ಹೇಳ್ಕೊಡ್ಬೇಕಾ? ಗೂಟ ಕೀಳು. ಅವಳನ್ನ ದಾರೀಲಿ ಕಲ್ಲು ಹೊದಿಸಿ ಬಿಡೋಣ."

"ನನ್ನ ಗೂಟ ಮೊದಲು ಕಿತ್ರೆ ಅವಳು ಮೊದಲು ಸಾಯ್ತಾಳೆ, ಹಿರಿಯಕ್ಕ."

"ಸಾಯ್ತಾಳೆ."

"ಮಗು ಆಮೇಲೆ ಹುಟ್ಟುತ್ತೆ."

ಎದುರು ಡೇರೆಯ ಬಾಗಿಲಲ್ಲಿ ಜೆರೆಕನ ಮಗಳು ನೂವೆ ಕೂಸಿಗೆ ಹಾಲು ಕುಡಿಸುತ್ತಿದ್ದಳು. ಇದೇ ನಿಲುವಿನಲ್ಲಿ, ಓಲ್ಮಾಳ ಕೈಯಲ್ಲೇ, ಆ ಕೂಸು ಹೊರಬಂದಿತ್ತು. ಹೊಕ್ಕುಳಬಳ್ಳಿ ಕೊಯ್ದು, ಕೈ ತೊಳೆದು, ಸೊಂಟ ನೋವು ಎಂದು ಹೋಗಿ ಮಲಗಿದವಳು ಮತ್ತೆ ಏಳಲಿಲ್ಲ.

"ಹುಟ್ಟಿದಾಗ ಇದ್ದೋರ ಹೆಸರು ಮಾತ್ರ ತಾನೇ ಮಗುವಿನ ಕುಲದ ಹಾಡಲ್ಲಿ ಬರೋದು?" ಎಂದ ಜೆರೆಕ್. "ಇವಳ ಹೆಸರು ಬರಲ್ಲ. ಎತ್ಕೊಂಡಿದ್ದು ಇವಳೇ, ನೋಡೇ ಇಲ್ಲ ಅಂತ ಆಗುತ್ತೆ."

"ಹಾಗಂತ ಎಷ್ಟು ಹೊತ್ತು ಕೂರ್ತೀಯಪ್ಪ?"

"ನಿಲುವಲ್ಲಿ ಹೊತ್ತೆಲ್ಲಿದೆ?"

ಬೊರಾಸನಿಗೆ ನಗು ಬಂತು. ನಗಬಾರದೆಂದು ಮೂಗು ಸೀಟಿದ.

*

ಹಿಂದೆ ಜೆರೆಕ್ ಮತ್ತು ಓಲ್ಮಾಳ ಮದುವೆ ಮುಂದಿನ ನಡೆಗೆ ಎಂದು ನಿಶ್ಚಯವಾಗಿದ್ದಾಗ ನದಿ ಉಕ್ಕಿ ದಾರಿ ಮುಚ್ಚಿಹೋಯಿತು. ನಿಲುವು ಬೆಳೆಯಿತು. ಜೆರೆಕ್ ಗಂಡಸರ ಡೇರೆಯಲ್ಲಿ, ಓಲ್ಮಾ ತನ್ನ ತಾಯಿಯ ಬಳಿ. ನದಿ ಇಳಿಯುವ ತನಕ ಕಾಯಲು ಎಲ್ಲರೂ ಸಿದ್ಧರಿದ್ದರು, ಅವಳೊಬ್ಬಳನ್ನು ಬಿಟ್ಟು. ಒಂದು ಬೆಳಗ್ಗೆ, ಜಡಿಮಳೆಯಲ್ಲಿ, ಓಲ್ಮಾ ಹೊರಬಂದು ಎರಡೂ ಕೈಯಿಂದ ಗೂಟ ಕಿತ್ತಳು. ಡೇರೆ ಅವಳ ತಾಯಿಯ ಮೇಲೆ ಕುಸಿಯಿತು.

ಬೈಗುಳ ಮುಗಿಲು ಮುಟ್ಟಿತು. ಆಗ ಹಿರಿಯಳಾಗಿದ್ದವಳು ಕುರ್ಗೇಲಳ ತಾಯಿ. ತೊಯ್ದು ತೊಪ್ಪೆಯಾಗಿ ನಿಂತು ಅವಳು ಹೇಳಿದ್ದು ಇಷ್ಟೇ: "ಯಾರೇ ಕೀಳಲಿ, ಕಿತ್ತ ಗೂಟ ಕಿತ್ತ ಹಾಗೇ. ಏಳಿ, ನಡೀರಿ."

ಇಡೀ ತಂಡ ಡೇರೆ ಮಡಚಿ, ಕೂಗಿದರೆ ಕೇಳುವಷ್ಟು ದೂರದ ದಿಬ್ಬಕ್ಕೆ ಹೋಗಿ ಮತ್ತೆ ಹೂಡಿತು. ಒದ್ದೆ ಸೌದೆಯ ಹೊಗೆಯಲ್ಲಿ ಮದುವೆಯಾಯಿತು. ಪ್ರತಿ ನಡೆಗೂ ಒಂದು ಹೆಸರಿರುತ್ತದೆ. ಅದಕ್ಕೆ 'ಓಲ್ಮಾಳ ಆತುರ' ಎಂದೇ ಹೆಸರು ಬಿತ್ತು. ಅದರ ನಂತರ ಅವಳು ಹೆಸರಾಗುವಂಥ ಏನನ್ನೂ ಮಾಡಲಿಲ್ಲ. ಉಣ್ಣೆ ಹಿಂಜಿದಳು, ಗಂಡನ ಗೊರಕೆಗೆ ಬೈದಳು, ಎಲ್ಲರಿಗಿಂತ ಮೊದಲು ಗಂಟುಮೂಟೆ ಕಟ್ಟಿ ಕೂತು ಉಳಿದವರನ್ನು ಸೋಮಾರಿಗಳೆಂದಳು.

*

"ಅಕ್ಕ ಆಗಿದ್ರೆ ಇಷ್ಟೊತ್ತಿಗೆ ಗೂಟದ ಜೊತೆ ನಿನ್ನನ್ನೂ ಕಿತ್ತು ಬಿಸಾಕ್ತಿದ್ಲು ಭಾವ," ಎಂದ ಬೊರಾಸ್.

ಜೆರೆಕ್ ತಲೆಯೆತ್ತಿದ. ಅವನನ್ನೇ ದಿಟ್ಟಿಸಿ ನೋಡಿದ. ಆಮೇಲೆ ಮೊಣಕಾಲು ಹಿಡಿದುಕೊಂಡು ಎದ್ದು, ಡೇರೆಯೊಳಗೆ ಹೋದ.

ಹೊರಬಂದಾಗ ಅವನ ತೋಳಲ್ಲಿ ಓಲ್ಮಾ ಇದ್ದಳು, ಕಂಬಳಿಯ ಸಮೇತ. ಬೊರಾಸ್ ಕೈ ಕೊಡಲು ಹೋದರೆ ಗದರಿದ. ಎದುರು ಡೇರೆಯವರೆಗೂ ಹಾಗೇ ಹೋಗಿ, ನೂವೆಯ ಗೂಟದ ಪಕ್ಕ ಮಂಡಿಯೂರಿದ.

"ಏನ್ ಮಾಡ್ತಿದೀಯ?" ಕುರ್ಗೇಲಳ ದನಿ ಏರಿತು.

"ನಾನಲ್ಲ. ಇವಳು."

"ಅವಳು…" ಕುರ್ಗೇಲ್ ತಡೆದಳು. ಆ ಮಾತನ್ನು ನಿಲುವಿನಲ್ಲಿ ಆಡುವಂತಿರಲಿಲ್ಲ.

"ಹೇಳಿ ಹಿರಿಯಕ್ಕ. ಅವಳು ಏನು? ಬಂದು ಬಂದು ಸಾರು ಕುಡಿ ಅಂತಿದೀರಿ, ನನಗೆ ಬುದ್ಧಿ ಹೇಳು ಅಂತಿದೀರಿ. ನಿದ್ದೆಗಣ್ಣಲ್ಲಿ ಗೂಟ ಕಿತ್ರೆ ತಪ್ಪಾ?"

ಸುತ್ತ ನಿಂತವರು ಕುರ್ಗೇಲಳ ಮುಖ ನೋಡಿದರು. ಅವಳು ಕೋಲಿನ ತುದಿಯಿಂದ ನೆಲ ಕೆದಕಿದಳು. ತಾಯಿಯ ಮಾತನ್ನು ಕಹಿ ಗುಳಿಗೆಯಂತೆ ನುಂಗುತ್ತ ಹೇಳಿದಳು: "ಯಾರೇ ಕೀಳಲಿ, ಕಿತ್ತ ಗೂಟ ಕಿತ್ತ ಹಾಗೇ."

ಓಲ್ಮಾಳ ಬೆರಳುಗಳು ಬಗ್ಗಲಿಲ್ಲ. ಜೆರೆಕ್ ಒಂದೊಂದನ್ನೇ ಉಜ್ಜಿ, ಗೂಟದ ಸುತ್ತ ಮಡಚಿ, ಮೇಲೆ ತನ್ನ ಕೈ ಮುಚ್ಚಿದ. ಗೂಟ ಅಲುಗಿತು, ಬಾಗಿತು, ಒಮ್ಮೆಲೆ ಬಂತು. ನೂವೆಯ ಡೇರೆ ಒಂದು ಮಗ್ಗುಲಿಗೆ ಜಗ್ಗಿತು. ಒಳಗಿಂದ ಅವಳು ಕೂಸನ್ನೆತ್ತಿಕೊಂಡು ಬಗ್ಗಿ ಹೊರಬಂದಳು.

"ಹುಟ್ಟಿತು!" ಎಂದು ಬೊರಾಸ್ ಕೂಗಿದ. ಬೆಚ್ಚಿಬಿದ್ದ ಕೂಸು ಅತ್ತಿತು. ನೂವೆ ಅದನ್ನು ಅಜ್ಜಿಯ ಮುಖದ ಹತ್ತಿರ ಹಿಡಿದಳು.

ಆಮೇಲೆ ಜೆರೆಕ್ ತನ್ನ ಡೇರೆಗೆ ನಡೆದು, ಯಾರೂ ಹೇಳದೆಯೇ, ತನ್ನ ಗೂಟ ಕಿತ್ತ. ಆಗ ಹೆಂಗಸರು ಬಾಯಿಬಿಟ್ಟು ಅತ್ತರು. ಸಾರಿನ ಬಟ್ಟಲನ್ನು ಮಗುಚಿಟ್ಟರು.

ಓಲ್ಮಾಳನ್ನು ಮುಂದಿನ ಮುರ್ರದ ಮೇಲೆ ಕಟ್ಟುವಾಗ ಕಂಬಳಿಯಿಂದ ಒಂದು ಕೈ ಜಾರಿ ಹೊರಬಂತು. ಬೊರಾಸ್ ಅದನ್ನು ಒರೆಸಲು ಬಟ್ಟೆ ತೆಗೆದ.

"ಇರಲಿ ಬಿಡು," ಎಂದ ಜೆರೆಕ್.

ತಂಡ ನಡೆಯಿತು. ಮುರ್ರದ ಹೆಜ್ಜೆಗೆ ಆ ಕೈ ತೂಗುತ್ತಿತ್ತು, ಉಗುರುಗಳ ತುಂಬ ಹಸಿಮಣ್ಣು.